ಹಣ್ಣಿನ ಮಂಡಿಯೋ, ಹುಡುಗರ ಕ್ಲಬ್ಬೋ: ಯುದ್ಧದ ನಂತರದ ಸಾಕ್ಷ್ಯಚಿತ್ರಗಳಲ್ಲಿ ಯಾವುದನ್ನು ಮೊದಲು ನೋಡಬೇಕು?

ಎರಡನೇ ಮಹಾಯುದ್ಧ ಮುಗಿದ ಮೇಲೆ ಒಂದು ಹದಿನೈದು ವರ್ಷ ಯುರೋಪು, ಅಮೆರಿಕ, ಕೆನಡಾಗಳಲ್ಲಿ ಹೊಸ ಬಗೆಯ ಸಾಕ್ಷ್ಯಚಿತ್ರಗಳು ಬಂದವು. ಇವುಗಳಲ್ಲಿ ದೊಡ್ಡ ಮನುಷ್ಯರಿಲ್ಲ, ಸಾಹಸ ಇಲ್ಲ, ಸರ್ಕಾರಿ ಯೋಜನೆಯ ಪ್ರಚಾರವೂ ಇಲ್ಲ. ತರಕಾರಿ ಮಾರುಕಟ್ಟೆಗೆ ನಡುರಾತ್ರಿ ಲಾರಿ ಬರುತ್ತದೆ, ಬೆಳಗಾದ ಮೇಲೆ ವ್ಯಾಪಾರ ಮುಗಿಯುತ್ತದೆ. ಕೆಲಸ ಮುಗಿಸಿದ ಹುಡುಗ ಹುಡುಗಿಯರು ಸಂಜೆ ಕ್ಲಬ್ಬಿಗೆ ಬಂದು ಹರಟುತ್ತಾರೆ. ಟ್ರಾಮ್ ನೌಕರರು ಬ್ಯಾಂಡ್ ಅಭ್ಯಾಸಕ್ಕೆ ಕೂರುತ್ತಾರೆ. ಅಷ್ಟೇ. ಆ ಅಷ್ಟನ್ನೇ ಗಮನವಿಟ್ಟು ನೋಡುವುದು ಈ ಚಿತ್ರಗಳ ಕೆಲಸ.

ಫಿಲ್ಮ್ ಸೊಸೈಟಿ ನಡೆಸುವವರಿಗೆ, ಕಾಲೇಜಿನಲ್ಲಿ ಸಿನೆಮಾ ಪಾಠ ಮಾಡುವವರಿಗೆ, ಮೊಬೈಲ್ ಹಿಡಿದು ತಮ್ಮೂರಿನ ಸಂತೆಯನ್ನು ಚಿತ್ರೀಕರಿಸಬೇಕು ಅಂತಿರುವವರಿಗೆ ಎಲ್ಲರಿಗೂ ಬರುವ ಪ್ರಶ್ನೆ ಒಂದೇ: ಇಷ್ಟೊಂದರಲ್ಲಿ ಯಾವುದರಿಂದ ಶುರು ಮಾಡೋದು? ಒಂದೇ ಒಂದು ಚಿತ್ರ ನೋಡುತ್ತೀರಿ ಅಂದರೆ ನನ್ನ ಉತ್ತರ, ಲಿಂಡ್ಸೆ ಆಂಡರ್ಸನ್ 1957ರಲ್ಲಿ ಮಾಡಿದ ‘ಎವೆರಿ ಡೇ ಎಕ್ಸೆಪ್ಟ್ ಕ್ರಿಸ್‌ಮಸ್’. ಆದರೆ ಎಲ್ಲರಿಗೂ ಅದೇ ಸರಿಹೋಗುವುದಿಲ್ಲ. ಕೆಲವರಿಗೆ ಕಾರೆಲ್ ರೈಸ್ ಅವರ ‘ವಿ ಆರ್ ದ ಲ್ಯಾಂಬೆತ್ ಬಾಯ್ಸ್’ ಹೆಚ್ಚು ಹತ್ತಿರವಾಗುತ್ತದೆ. ಇಂಗ್ಲಿಷ್ ಕೇಳಿಸಿಕೊಳ್ಳುವುದೇ ಕಷ್ಟ ಅನ್ನುವವರಿಗೆ ಇವೆರಡಕ್ಕಿಂತ ಒಳ್ಳೆಯ ಬಾಗಿಲು ಪೋಲೆಂಡಿನಲ್ಲೂ ಇಟಲಿಯಲ್ಲೂ ಇದೆ.

ಹೋಲಿಸುವುದು ಹೇಗೆ? ವಿಷಯ ನೋಡಿ ಆರಿಸಬೇಡಿ. ಎಷ್ಟು ನಿಮಿಷ ಅನ್ನುವುದನ್ನೂ ಆಮೇಲೆ ನೋಡಿದರಾಯಿತು. ಮೊದಲು ಕಿವಿ ಕೊಡಿ. ತೆರೆಯ ಮೇಲಿನ ಜನ ತಾವೇ ಮಾತಾಡುತ್ತಾರಾ? ಅವರ ಪರವಾಗಿ ಬೇರೆ ಯಾರೋ ಮಾತಾಡುತ್ತಾರಾ? ಇಲ್ಲ, ಯಾರೂ ಮಾತಾಡುವುದೇ ಇಲ್ಲವಾ? ಈ ಚಿತ್ರಗಳು ಒಂದರಿಂದ ಒಂದು ನಿಜವಾಗಿ ಬೇರೆಯಾಗುವುದು ಇಲ್ಲೇ. ಒಬ್ಬ ನಿರ್ದೇಶಕ ತನ್ನ ಮುಂದಿರುವ ಜನರನ್ನು ಎಷ್ಟು ಗೌರವದಿಂದ ಕಂಡಿದ್ದಾನೆ ಅನ್ನುವುದು ಚಿತ್ರಿಕೆಗಿಂತ ಬೇಗ ದನಿಯಲ್ಲಿ ಗೊತ್ತಾಗಿಬಿಡುತ್ತದೆ.

ಅದಕ್ಕೊಂದು ತಾಂತ್ರಿಕ ಕಾರಣವೂ ಇದೆ. 1950ರ ದಶಕದಲ್ಲಿ ದೃಶ್ಯವನ್ನೂ ಮಾತನ್ನೂ ಒಟ್ಟಿಗೆ ಹಿಡಿಯುವ ಸಲಕರಣೆ ಭಾರವಾಗಿತ್ತು, ದುಬಾರಿಯಾಗಿತ್ತು. ಬೀದಿಗೆ ಹೊತ್ತು ತರುವಂಥದ್ದಲ್ಲ. ಕೈಯಲ್ಲಿ ಹಿಡಿಯುವ 16 ಎಂ.ಎಂ. ಬೋಲೆಕ್ಸ್ ಕ್ಯಾಮೆರಾಕ್ಕೆ ಕೀಲಿ ಕೊಡಬೇಕಿತ್ತು. ಒಂದು ಸಲ ಕೀಲಿ ಕೊಟ್ಟರೆ ಸುಮಾರು 22 ಸೆಕೆಂಡ್ ಓಡಿ ನಿಂತುಬಿಡುತ್ತಿತ್ತು. ಶಬ್ದವನ್ನು ಬೇರೆಯಾಗಿ ಟೇಪಿನಲ್ಲಿ ಹಿಡಿದು ತಂದು ಸಂಕಲನದ ಮೇಜಿನ ಮೇಲೆ ಸೇರಿಸಬೇಕಿತ್ತು. ಹಾಗಾಗಿ ಚಿತ್ರದ ಮೇಲೆ ಯಾವ ದನಿ ಕೂರಿಸುವುದು ಅನ್ನುವುದು ತಾನಾಗಿ ಆಗುವ ಸಂಗತಿಯಾಗಿರಲಿಲ್ಲ. ಪ್ರತಿ ಸಲವೂ ಯಾರೋ ಕೂತು ತೀರ್ಮಾನ ಮಾಡಿದ್ದು ಅದು.

ಮಾರುಕಟ್ಟೆಯ ಒಂದು ರಾತ್ರಿ

‘ಎವೆರಿ ಡೇ ಎಕ್ಸೆಪ್ಟ್ ಕ್ರಿಸ್‌ಮಸ್’ ಸುಮಾರು 40 ನಿಮಿಷದ ಚಿತ್ರ. ಲಂಡನ್ನಿನ ಕೋವೆಂಟ್ ಗಾರ್ಡನ್ ಆಗ ಹಣ್ಣು, ತರಕಾರಿ, ಹೂವಿನ ಸಗಟು ಮಾರುಕಟ್ಟೆ. ನಡುರಾತ್ರಿಯ ಹೊತ್ತಿಗೆ ಹಳ್ಳಿಯ ಕಡೆಯಿಂದ ಅಣಬೆ ತುಂಬಿಕೊಂಡ ಲಾರಿ ಹೊರಡುತ್ತದೆ. ಬಿಬಿಸಿ ರೇಡಿಯೋ ಅಂದಿನ ಪ್ರಸಾರ ಮುಗಿಸಿ ರಾಷ್ಟ್ರಗೀತೆ ಹಾಕುತ್ತಿರುವಾಗ ಈ ಜನರ ದಿನ ಶುರುವಾಗುತ್ತಿದೆ. ಊರು ಮಲಗುವ ಹೊತ್ತಿಗೆ ಊರಿನ ಊಟ ದಾರಿಯಲ್ಲಿದೆ. ಇದನ್ನು ಯಾರೂ ಬಾಯಿಬಿಟ್ಟು ಹೇಳುವುದಿಲ್ಲ, ಆದರೆ ನಮಗೆ ಗೊತ್ತಾಗುತ್ತದೆ.

ಆಮೇಲಿನದೆಲ್ಲ ಕೈಗಳ ಕೆಲಸ. ಪೆಟ್ಟಿಗೆ ಬಿಚ್ಚುವ ಕೈ, ಹಣ್ಣನ್ನು ಒಂದೊಂದಾಗಿ ಒರೆಸಿ ಜೋಡಿಸುವ ಕೈ, ಹೂವಿನ ಕಟ್ಟನ್ನು ಅದುರದಂತೆ ಎತ್ತಿಡುವ ಕೈ. ಹಮಾಲಿಗಳು ತಲೆಯ ಮೇಲೆ ಹೊರೆ ಹೊತ್ತು, ಜನರ ನಡುವೆ ದಾರಿ ಮಾಡಿಕೊಂಡು ನಡೆಯುತ್ತಾರೆ. ಬೆಳಗಿನ ಜಾವ ಕೆ.ಆರ್. ಮಾರ್ಕೆಟ್ಟಿನ ಹೂವಿನ ವ್ಯಾಪಾರ ನೋಡಿದವರಿಗೆ ಈ ಗದ್ದಲ, ಈ ಗಡಿಬಿಡಿ, ಒಬ್ಬರನ್ನೊಬ್ಬರು ಕೂಗಿ ರೇಗಿಸುವ ಸಲಿಗೆ ಯಾವುದೂ ಹೊಸದಲ್ಲ. ಸರಕೆಲ್ಲ ಜೋಡಿಸಿಯಾಗಿ, ಗಿರಾಕಿಗಳು ಇನ್ನೂ ಬಾರದ ಹೊತ್ತಿನಲ್ಲಿ ಎಲ್ಲರೂ ಟೀ ಅಂಗಡಿಗೆ ಹೋಗುತ್ತಾರೆ. ಚಿತ್ರ ಅಲ್ಲಿ ಸುಮ್ನೆ ಕೂರುತ್ತದೆ. ಕಪ್ಪು ಹಿಡಿದವರು, ತೂಕಡಿಸುವವರು, ಏನೋ ನೆನೆಸಿಕೊಂಡು ನಗುವವರು. ಕ್ಯಾಮೆರಾಕ್ಕೆ ಯಾವ ಅವಸರವೂ ಇಲ್ಲ. ನನ್ನ ಮಟ್ಟಿಗೆ ಇಡೀ ಚಿತ್ರದ ಜೀವ ಈ ಟೀ ಅಂಗಡಿಯಲ್ಲಿದೆ.

ಈ ಚಿತ್ರದಲ್ಲಿ ಹಣ್ಣು ತರಕಾರಿಯ ರಾಶಿಯನ್ನು ಇಷ್ಟು ಪ್ರೀತಿಯಿಂದ ಯಾಕೆ ತೋರಿಸಿದ್ದಾರೆ ಅಂತ ಅನ್ನಿಸಬಹುದು. ಬ್ರಿಟನ್ನಿನಲ್ಲಿ ಆಹಾರದ ಪಡಿತರ ಪೂರ್ತಿ ನಿಂತಿದ್ದು 1954ರ ಜುಲೈನಲ್ಲಿ. ಯುದ್ಧ ಗೆದ್ದು ಒಂಬತ್ತು ವರ್ಷವಾದ ಮೇಲೆ. ಮೂರು ವರ್ಷದ ಹಿಂದಿನವರೆಗೂ ಮಾಂಸಕ್ಕೆ ಚೀಟಿ ಹಿಡಿದು ನಿಂತಿದ್ದ ಜನರಿಗೆ ತೆರೆಯ ತುಂಬ ಸೇಬು, ಹೂವು ಕಂಡಾಗ ಹೇಗಾಗಿರಬೇಕು ಯೋಚಿಸಿ. ಇದು ಗೊತ್ತಿದ್ದು ನೋಡಿದರೆ ಚಿತ್ರದ ತೂಕವೇ ಬೇರೆಯಾಗುತ್ತದೆ.

ಇನ್ನು ದನಿ. ಇಲ್ಲಿ ನಿರೂಪಣೆ ಇದೆ. ಆಲನ್ ಓವೆನ್ ಎಂಬ ವೆಲ್ಷ್ ನಟ, ನಾಟಕಕಾರ ಅದನ್ನು ಓದಿದ್ದಾರೆ. ಮುಂದೆ 1964ರಲ್ಲಿ ಬೀಟಲ್ಸ್ ಹುಡುಗರ ಮೊದಲ ಸಿನೆಮಾಕ್ಕೆ ಚಿತ್ರಕಥೆ ಬರೆದವರೂ ಇವರೇ. ಅವರ ದನಿ ಅಧಿಕಾರಿಯ ದನಿಯಲ್ಲ. ಪಕ್ಕದಲ್ಲಿ ನಿಂತು ‘ನೋಡು, ಇವರು ಇಂಥವರು’ ಅಂತ ಹೆಸರು ಹೇಳಿ ಪರಿಚಯ ಮಾಡಿಸುವವನ ದನಿ. ಹೇಳಬೇಕಾದ್ದು ಹೇಳಿ ಸುಮ್ಮನಾಗುತ್ತಾರೆ. ಜಾನ್ ಫ್ಲೆಚರ್ ಹಿಡಿದ ಮಾರುಕಟ್ಟೆಯ ಸದ್ದು, ಶಿಳ್ಳೆ, ತಳ್ಳುಗಾಡಿಯ ಗಡಗಡ ಉಳಿದದ್ದನ್ನು ನೋಡಿಕೊಳ್ಳುತ್ತವೆ. ಜನರ ಮಾತು ತುಣುಕು ತುಣುಕಾಗಿ ಬರುತ್ತದೆ, ಪೂರ್ತಿ ಸಂಭಾಷಣೆಯಾಗಿ ಅಲ್ಲ. ಇದು ಈ ಚಿತ್ರದ ಮಿತಿ. ಈ ಹಮಾಲಿಗಳಿಗೆ ತಮ್ಮ ಕೂಲಿಯ ಬಗ್ಗೆ, ಮನೆಯ ಬಗ್ಗೆ, ಬೆನ್ನುನೋವಿನ ಬಗ್ಗೆ ಏನನ್ನಿಸುತ್ತಿತ್ತು ಅನ್ನುವುದು ನಮಗೆ ತಿಳಿಯುವುದೇ ಇಲ್ಲ. ಚಿತ್ರ ಅವರನ್ನು ಪ್ರೀತಿಸುತ್ತದೆ, ಆದರೆ ಏನನ್ನೂ ಕೇಳುವುದಿಲ್ಲ.

ಕನ್ನಡದವರಿಗೆ ಇಲ್ಲೊಂದು ಎಳೆ ಇದೆ. ಆಂಡರ್ಸನ್ ಹುಟ್ಟಿದ್ದು ಬೆಂಗಳೂರಿನಲ್ಲಿ, 1923ರಲ್ಲಿ. ತಂದೆ ಬ್ರಿಟಿಷ್ ಸೈನ್ಯದ ರಾಯಲ್ ಇಂಜಿನಿಯರ್ಸ್ ದಳದ ಅಧಿಕಾರಿ. ಓದಿ ಬೆಳೆದದ್ದೆಲ್ಲ ಇಂಗ್ಲೆಂಡಿನಲ್ಲಿ, ಸ್ಥಿತಿವಂತರ ಶಾಲೆಗಳಲ್ಲಿ. ಅವರ ಜೊತೆಗಾರರೂ ಹೆಚ್ಚುಕಡಿಮೆ ಹೊರಗಿನಿಂದ ಬಂದವರೇ. ಈ ಚಿತ್ರದ ಛಾಯಾಗ್ರಾಹಕ ವಾಲ್ಟರ್ ಲಸ್ಸಾಲಿ ಬರ್ಲಿನ್ನಿನಲ್ಲಿ ಹುಟ್ಟಿ ನಿರಾಶ್ರಿತನಾಗಿ ಲಂಡನ್ನಿಗೆ ಬಂದವರು. ಕಾರೆಲ್ ರೈಸ್ 1938ರಲ್ಲಿ ಚೆಕೊಸ್ಲೊವಾಕಿಯಾದಿಂದ ಹನ್ನೆರಡು ವರ್ಷದ ಯಹೂದಿ ಹುಡುಗನಾಗಿ ಬಂದಿಳಿದವರು. ಅವರ ತಂದೆ ತಾಯಿ ನಾಜಿಗಳ ಔಷ್ವಿಟ್ಸ್ ಶಿಬಿರದಲ್ಲಿ ತೀರಿಕೊಂಡರು. ಇಂಗ್ಲೆಂಡಿನ ದಿನನಿತ್ಯದ ಬದುಕು ಇವರ ಪಾಲಿಗೆ ಹುಟ್ಟಿನಿಂದ ಬಂದದ್ದಲ್ಲ. ಅದಕ್ಕೇ ಇರಬೇಕು, ಅಲ್ಲಿಯವರು ನೋಡಿಯೂ ನೋಡದ ಟೀ ಅಂಗಡಿ ಇವರ ಕಣ್ಣಿಗೆ ಬಿತ್ತು.

ಕತ್ತಲಲ್ಲಿ ಚಿತ್ರೀಕರಿಸಲು ಲಸ್ಸಾಲಿ ಆಗ ಹೊಸದಾಗಿ ಬಂದಿದ್ದ ಇಲ್‌ಫೋರ್ಡ್ ಎಚ್‌ಪಿಎಸ್ ಎಂಬ ಫಿಲ್ಮ್ ಬಳಸಿದರು. ಕಡಿಮೆ ಬೆಳಕಿನಲ್ಲೂ ಅದು ಚಿತ್ರ ಹಿಡಿಯುತ್ತಿತ್ತು. ಚಿತ್ರದಲ್ಲಿ ಕಾಣುವ ಸಣ್ಣ ಕಾಳುಕಾಳು ಅದರದ್ದೇ. ದೊಡ್ಡ ದೀಪಗಳನ್ನು ಹೂಡಿದ್ದರೆ ಮಾರುಕಟ್ಟೆ ಮಾರುಕಟ್ಟೆಯಾಗಿ ಉಳಿಯುತ್ತಿರಲಿಲ್ಲ. ಚಿತ್ರಕ್ಕೆ ದುಡ್ಡು ಹಾಕಿದ್ದು ಫೋರ್ಡ್ ಮೋಟಾರ್ ಕಂಪನಿ. ಆದರೂ ಕಾರಿನ ಜಾಹೀರಾತಾಗದೆ ಉಳಿಯಿತು. 1957ರಲ್ಲೇ ವೆನಿಸ್‌ನ ಸಾಕ್ಷ್ಯಚಿತ್ರ ಉತ್ಸವದಲ್ಲಿ ಮೊದಲ ಬಹುಮಾನ ಪಡೆಯಿತು.

ಲಂಡನ್ನಿನಲ್ಲಿರುವ ಕನ್ನಡಿಗರಾದರೆ ಚಿತ್ರ ನೋಡಿದ ಮೇಲೆ ಒಮ್ಮೆ ಕೋವೆಂಟ್ ಗಾರ್ಡನ್ ಸುತ್ತಿ ಬನ್ನಿ. ಹಳೆಯ ಮಾರುಕಟ್ಟೆಯ ಕಟ್ಟಡ ಹಾಗೇ ಇದೆ, ಒಳಗೆ ಈಗ ಪ್ರವಾಸಿಗರ ಅಂಗಡಿಗಳು. ಸಗಟು ವ್ಯಾಪಾರ 1974ರಲ್ಲಿ ನೈನ್ ಎಲ್ಮ್ಸ್ ಎಂಬಲ್ಲಿಗೆ ಹೋಯಿತು.

ಕ್ಲಬ್ಬಿನ ಹುಡುಗರು

‘ವಿ ಆರ್ ದ ಲ್ಯಾಂಬೆತ್ ಬಾಯ್ಸ್’ 1959ರ ಚಿತ್ರ, ಸುಮಾರು 50 ನಿಮಿಷ. ಇದಕ್ಕೂ ಫೋರ್ಡ್‌ನ ದುಡ್ಡು, ಲಸ್ಸಾಲಿಯ ಕ್ಯಾಮೆರಾ. ದಕ್ಷಿಣ ಲಂಡನ್ನಿನ ಕೆನ್ನಿಂಗ್ಟನ್‌ನಲ್ಲಿರುವ ಆಲ್ಫರ್ಡ್ ಹೌಸ್ ಎಂಬ ಯುವಕರ ಕ್ಲಬ್ಬು ಇದರ ಜಾಗ. ಆ ಕಾಲದ ಪತ್ರಿಕೆಗಳಲ್ಲಿ ಕಾರ್ಮಿಕರ ಮಕ್ಕಳು ಅಂದರೆ ಟೆಡ್ಡಿ ಬಾಯ್ಸ್, ಪುಂಡರು, ಚಾಕು ಹಿಡಿದವರು. ರೈಸ್ ಅವರಿಗೆ ಇದು ಸರಿ ಕಾಣಲಿಲ್ಲ. ಈ ಹುಡುಗರು ನಿಜವಾಗಿ ಹೇಗಿದ್ದಾರೆ, ತೋರಿಸೋಣ ಅಂತ ಹೊರಟರು.

ಕ್ಲಬ್ಬಿನ ಅಂಗಳದಲ್ಲಿ ಬಲೆ ಕಟ್ಟಿ ಕ್ರಿಕೆಟ್ ಅಭ್ಯಾಸ ನಡೆಯುತ್ತದೆ. ಹಗಲಲ್ಲಿ ಇದೇ ಹುಡುಗರು, ಹುಡುಗಿಯರು ದುಡಿಯುವ ಜಾಗಗಳಿಗೂ ಕ್ಯಾಮೆರಾ ಹೋಗುತ್ತದೆ. ಶನಿವಾರ ರಾತ್ರಿ ನೃತ್ಯ. ಇವೆಲ್ಲ ಚೆನ್ನಾಗಿವೆ. ಆದರೆ ಈ ಚಿತ್ರವನ್ನು ನೋಡಲೇಬೇಕು ಅನ್ನಲು ಕಾರಣ ಅಲ್ಲಿನ ಚರ್ಚೆ. ಹುಡುಗ ಹುಡುಗಿಯರು ಗುಂಪಾಗಿ ಕೂತು ವಾದ ಮಾಡುತ್ತಾರೆ. ಬಟ್ಟೆಬರೆಗೆ ಅಷ್ಟು ದುಡ್ಡು ಸುರಿಯಬೇಕಾ? ಗಲ್ಲುಶಿಕ್ಷೆ ಇರಬೇಕಾ ಬೇಡವಾ? ಬ್ರಿಟನ್ನಿನಲ್ಲಿ ಕೊಲೆಗೆ ಗಲ್ಲುಶಿಕ್ಷೆ ನಿಂತಿದ್ದು 1965ರಲ್ಲಿ. ಅಂದರೆ ಇವರು ಪುಸ್ತಕದ ಪ್ರಶ್ನೆಯ ಬಗ್ಗೆ ಅಲ್ಲ, ತಮ್ಮ ಊರಿನಲ್ಲಿ ನಿಜಕ್ಕೂ ನಡೆಯುತ್ತಿದ್ದ ಸಂಗತಿಯ ಬಗ್ಗೆ ಮಾತಾಡುತ್ತಿದ್ದಾರೆ. ಒಬ್ಬ ಹೇಳುತ್ತಿರುವಾಗಲೇ ಇನ್ನೊಬ್ಬ ಬಾಯಿ ಹಾಕುತ್ತಾನೆ, ನಗು ಏಳುತ್ತದೆ, ವಾದ ಎಲ್ಲಿಂದ ಎಲ್ಲಿಗೋ ಹೋಗುತ್ತದೆ. ಮಾತು ಮತ್ತು ತುಟಿ ಒಟ್ಟಿಗೆ ಓಡುತ್ತವೆ. 1950ರ ದಶಕದ ಬ್ರಿಟಿಷ್ ತೆರೆಯಲ್ಲಿ ಕಾರ್ಮಿಕರ ಮಕ್ಕಳು ತಮ್ಮದೇ ಮಾತಿನಲ್ಲಿ ಇಷ್ಟು ಹೊತ್ತು ವಾದ ಮಾಡುವುದು ಅಪರೂಪ.

ಇನ್ನೊಂದು ದೃಶ್ಯ ಮರೆಯುವಂಥದ್ದಲ್ಲ. ಹುಡುಗರು ತೆರೆದ ಲಾರಿಯಲ್ಲಿ ನಿಂತುಕೊಂಡು ಮಿಲ್ ಹಿಲ್ ಎಂಬ ಶ್ರೀಮಂತರ ಖಾಸಗಿ ಶಾಲೆಗೆ ಕ್ರಿಕೆಟ್ ಪಂದ್ಯಕ್ಕೆ ಹೋಗುತ್ತಾರೆ. ಅಲ್ಲಿ ವಿಶಾಲವಾದ ಹುಲ್ಲು ಮೈದಾನ, ಬಿಳಿ ಉಡುಪು, ನಯವಾದ ಮಾತು. ಎರಡೂ ಕಡೆಯವರು ಒಬ್ಬರಿಗೊಬ್ಬರು ಒಳ್ಳೆಯವರಾಗಿಯೇ ಇರುತ್ತಾರೆ. ಆದರೂ ನಡುವೆ ಎಷ್ಟು ದೂರ ಇದೆ ಅಂತ ನಿಂತ ಭಂಗಿಯಲ್ಲೇ ಕಾಣುತ್ತದೆ. ವಾಪಸ್ ಬರುವಾಗ ಲಾರಿ ಲಂಡನ್ನಿನ ನಡುಮಧ್ಯದ ಬೀದಿಗಳಲ್ಲಿ ಹಾಯುತ್ತದೆ. ಹುಡುಗರು ಗಂಟಲು ಹರಿಯುವಂತೆ ‘ನಾವು ಲ್ಯಾಂಬೆತ್ ಹುಡುಗರು’ ಅಂತ ಕೂಗಿ ಹಾಡುತ್ತಾರೆ. ಇಡೀ ಊರಿಗೆ ತಮ್ಮ ಪೇಟೆಯ ಹೆಸರು ಕೇಳಿಸಬೇಕು ಅವರಿಗೆ.

ಇಷ್ಟು ಒಳ್ಳೆಯ ಚಿತ್ರವನ್ನು ಯಾಕೆ ಮೊದಲಿಗೆ ಇಡುವುದಿಲ್ಲ ಅಂದರೆ, ನಿರೂಪಣೆಯಿಂದ. ಹುಡುಗರು ಚೆನ್ನಾಗಿ ಮಾತಾಡುತ್ತಿದ್ದಾರೆ, ಅವರ ಮುಖ ಇನ್ನೂ ಚೆನ್ನಾಗಿ ಮಾತಾಡುತ್ತಿದೆ. ಅಷ್ಟರಲ್ಲಿ ಸುಶಿಕ್ಷಿತ ಇಂಗ್ಲಿಷಿನ ಗಂಡಸಿನ ದನಿಯೊಂದು ಬಂದು ಅವರು ಎಂಥವರು, ಏನು ಯೋಚಿಸುತ್ತಾರೆ ಅಂತ ವಿವರಿಸುತ್ತದೆ. ಉದ್ದೇಶ ಒಳ್ಳೆಯದೇ. ಪತ್ರಿಕೆ ಓದಿ ಹೆದರಿದ ಮಧ್ಯಮ ವರ್ಗದವರಿಗೆ ಧೈರ್ಯ ಹೇಳುವ ಉದ್ದೇಶ. ಆದರೆ ಆ ದನಿ ಹುಡುಗರ ಜೊತೆ ನಿಂತಿಲ್ಲ, ಅವರನ್ನು ತೋರಿಸುತ್ತಾ ನಿಂತಿದೆ. ಆಂಡರ್ಸನ್ ಚಿತ್ರದ ನಿರೂಪಣೆಗೂ ಇದಕ್ಕೂ ಇರುವ ವ್ಯತ್ಯಾಸ ಇದೇ. ಮೊದಲ ಸಲ ಇಂಥ ಚಿತ್ರ ನೋಡುವವರು ಆ ದನಿಯನ್ನೇ ನಂಬಿಬಿಡುತ್ತಾರೆ. ಎರಡನೆಯದಾಗಿ ನೋಡಿದರೆ ಅದನ್ನು ಪಕ್ಕಕ್ಕೆ ಸರಿಸಿ ಹುಡುಗರನ್ನು ಕೇಳಿಸಿಕೊಳ್ಳುವುದು ಬರುತ್ತದೆ.

ಒಟ್ಟಾರೆ, ಕೆಲಸದ ಬಗ್ಗೆ ನಿಮಗೆ ಕುತೂಹಲ ಇದ್ದರೆ ಮಂಡಿ. ಮಾತಿನ ಬಗ್ಗೆ, ವಯಸ್ಸಿನ ಬಗ್ಗೆ, ವರ್ಗದ ಬಗ್ಗೆ ಚರ್ಚೆ ಹುಟ್ಟಬೇಕು ಅಂದರೆ ಕ್ಲಬ್ಬು. ಕಾಲೇಜು ತರಗತಿಗಾದರೆ ನಾನು ಕಣ್ಣುಮುಚ್ಚಿ ಲ್ಯಾಂಬೆತ್ ಅನ್ನುತ್ತೇನೆ. ಹದಿನೆಂಟು ವರ್ಷದವರು ಹದಿನೆಂಟು ವರ್ಷದವರನ್ನು ನೋಡಿದಾಗ ಮಾತು ತಾನಾಗಿ ಏಳುತ್ತದೆ. ಲಂಡನ್ನಿನ ಕಾಕ್ನಿ ಉಚ್ಚಾರ ಇಂಗ್ಲಿಷ್ ಬಲ್ಲವರಿಗೂ ಕಷ್ಟ. ಹಾಗಾಗಿ ಚರ್ಚೆಯ ಭಾಗವನ್ನು ಎರಡು ಸಲ ಹಾಕಿ. ಮೊದಲ ಸಲ ಮುಖ ನೋಡಲಿ, ಎರಡನೇ ಸಲ ಮಾತು ಕೇಳಲಿ.

ಚಿಕ್ಕವು, ಮಾತಿಲ್ಲದವು

ಮಂಡಿಯ ಚಿತ್ರ, ಕ್ಲಬ್ಬಿನ ಚಿತ್ರ ಎರಡೂ ‘ಫ್ರೀ ಸಿನೆಮಾ’ ಎಂಬ ಹೆಸರಿನಲ್ಲಿ ಲಂಡನ್ನಿನ ನ್ಯಾಷನಲ್ ಫಿಲ್ಮ್ ಥಿಯೇಟರಿನಲ್ಲಿ ನಡೆದ ಪ್ರದರ್ಶನಗಳಿಗೆ ಸೇರಿದವು. 1956ರ ಫೆಬ್ರವರಿಯಿಂದ 1959ರ ಮಾರ್ಚ್‌ವರೆಗೆ ಒಟ್ಟು ಆರು ಸಲ ನಡೆದವು. ಮೊದಲ ಸಲ ತೋರಿಸಿದ ಚಿತ್ರಗಳಲ್ಲಿ ಎರಡನ್ನು ಪಕ್ಕಪಕ್ಕ ಇಟ್ಟು ನೋಡಬೇಕು.

‘ಮಮ್ಮಾ ಡೋಂಟ್ ಅಲೌ’ ರೈಸ್ ಮತ್ತು ಟೋನಿ ರಿಚರ್ಡ್‌ಸನ್ ಸೇರಿ ಮಾಡಿದ 22 ನಿಮಿಷದ ಚಿತ್ರ. ಉತ್ತರ ಲಂಡನ್ನಿನ ವುಡ್ ಗ್ರೀನ್‌ನ ಜಾಝ್ ಕ್ಲಬ್ಬು. ರೈಲು ಡಬ್ಬಿ ಗುಡಿಸುವವಳು, ಮಾಂಸದಂಗಡಿಯ ಹುಡುಗ, ದಂತವೈದ್ಯರ ಬಳಿ ಕೆಲಸ ಮಾಡುವವಳು ಕೆಲಸ ಮುಗಿಸಿ ಕುಣಿಯಲು ಬರುತ್ತಾರೆ. ಕ್ರಿಸ್ ಬಾರ್ಬರ್ ತಂಡದ ವಾದ್ಯ. ನಿರೂಪಣೆ ಇಲ್ಲವೇ ಇಲ್ಲ. ಇಂಗ್ಲಿಷ್ ಬಾರದವರೂ ನೋಡಬಹುದು, ಒಂದಕ್ಷರ ತಪ್ಪಿಹೋಗುವುದಿಲ್ಲ.

ಆಂಡರ್ಸನ್ ಅವರ ‘ಓ ಡ್ರೀಮ್‌ಲ್ಯಾಂಡ್’ ಅದಕ್ಕಿಂತ ಚಿಕ್ಕದು, 12 ನಿಮಿಷ. 1953ರಲ್ಲಿ ಮಾರ್ಗೇಟ್ ಎಂಬ ಕಡಲತೀರದ ಮನರಂಜನಾ ಪಾರ್ಕಿನಲ್ಲಿ ಚಿತ್ರೀಕರಿಸಿದ್ದು. ಯಂತ್ರದ ಗೊಂಬೆಯ ನಗು ಉದ್ದಕ್ಕೂ ಕಿವಿ ಕೊರೆಯುತ್ತದೆ. ಚಿತ್ರಹಿಂಸೆಯ ಗೊಂಬೆ ಪ್ರದರ್ಶನ, ಬೋನಿನಲ್ಲಿ ಪ್ರಾಣಿಗಳು, ಬೇಸತ್ತ ಮುಖಗಳು. ಇಲ್ಲೂ ನಿರೂಪಣೆ ಇಲ್ಲ, ಆದರೆ ನಗುವ ಗೊಂಬೆಯನ್ನು ಜನರ ಮುಖದ ಮೇಲೆ ಕೂರಿಸಿದ ರೀತಿಯಲ್ಲೇ ತೀರ್ಪು ಇದೆ. ಶಕ್ತಿಯುತ ಚಿತ್ರ, ಒಪ್ಪುತ್ತೇನೆ. ರಜೆಯ ಒಂದು ದಿನ ಮಕ್ಕಳನ್ನು ಕರೆದುಕೊಂಡು ಬಂದ ಆ ಜನರ ಮೇಲೆ ಇಷ್ಟು ಕಠಿಣವಾಗಿ ಬೀಳಬೇಕಿತ್ತಾ ಅಂತ ಪ್ರತಿ ಸಲ ನೋಡಿದಾಗಲೂ ನನಗೆ ಅನ್ನಿಸುತ್ತದೆ. ನಾಲ್ಕು ವರ್ಷದ ನಂತರ ಮಂಡಿಯ ಹಮಾಲಿಗಳನ್ನು ಅಷ್ಟು ಅಕ್ಕರೆಯಿಂದ ಕಂಡವರೂ ಇದೇ ಆಂಡರ್ಸನ್. ಆ ಬದಲಾವಣೆ ನೋಡುವುದಕ್ಕಾದರೂ ಇದು ಬೇಕು, ಆದರೆ ಮೊದಲಲ್ಲ.

ಪಿಕಡಿಲ್ಲಿ ಸರ್ಕಸ್‌ನ ಶನಿವಾರ ರಾತ್ರಿಗಳ ಬಗ್ಗೆ ಸ್ವಿಟ್ಜರ್‌ಲ್ಯಾಂಡಿನ ಅಲಾನ್ ತನ್ನೆರ್, ಕ್ಲೋದ್ ಗೊರೆತ್ತಾ ಮಾಡಿದ ‘ನೈಸ್ ಟೈಮ್’ 17 ನಿಮಿಷ. ಚೆನ್ನಾಗಿದೆ, ಆದರೆ ಅಲ್ಲಿರುವುದು ಜನಜಂಗುಳಿ. ಒಬ್ಬರಿಗೊಬ್ಬರು ಪರಿಚಯ ಇರುವ ಸಮುದಾಯ ಅಲ್ಲ. ಶಾಲೆಯ ಮೇಷ್ಟರುಗಳು ಕೇಳಿದರೆ 1951ರ ‘ದ ಸಿಂಗಿಂಗ್ ಸ್ಟ್ರೀಟ್’ ಹೇಳುತ್ತೇನೆ. ಎಡಿನ್‌ಬರೋದ ಶಾಲೆಯೊಂದರ ಶಿಕ್ಷಕರೇ ಮಾಡಿದ್ದು. ಬೀದಿಯಲ್ಲಿ ಹಗ್ಗದಾಟ ಆಡುತ್ತಾ ಹಾಡುವ ಮಕ್ಕಳು, ಅವರ ಹಾಡುಗಳು, ಅಷ್ಟೇ. ಮಕ್ಕಳಿಗೆ ತೋರಿಸಿ, ಆಮೇಲೆ ನಿಮ್ಮೂರಿನ ಆಟದ ಹಾಡುಗಳನ್ನು ಕೇಳಿ ನೋಡಿ.

ಇಂಗ್ಲೆಂಡಿನ ಆಚೆ

ಹತ್ತು ನಿಮಿಷ ಮಾತ್ರ ಇದೆ ಅನ್ನುವವರಿಗೆ ಕಾಜಿಮಿಯೆಷ್ ಕಾರಾಬಾಶ್ ಅವರ ‘ಮುಜಿಕಾಂತ್ಸಿ’. 1960ರ ಪೋಲಿಷ್ ಚಿತ್ರ. ವಾರ್ಸಾದ ಟ್ರಾಮ್ ನೌಕರರ ಬ್ಯಾಂಡು ಅಭ್ಯಾಸ ಮಾಡುತ್ತಿದೆ. ಮೊದಲು ಕಾರ್ಖಾನೆಯ ಲೋಹದ ಕರ್ಕಶ ಸದ್ದು. ಆಮೇಲೆ ವಾದ್ಯ ಹಿಡಿದು ಬಂದು ಕೂರುವ ಜನ. ವಯಸ್ಸಾದ ಬ್ಯಾಂಡ್ ಮೇಷ್ಟರು ನಿಲ್ಲಿಸುತ್ತಾರೆ, ತಿದ್ದುತ್ತಾರೆ, ಮತ್ತೆ ಶುರು ಮಾಡಿಸುತ್ತಾರೆ. ದಿನವಿಡೀ ಯಂತ್ರದ ಮುಂದೆ ನಿಂತ ಬೆರಳುಗಳು ಈಗ ತುತ್ತೂರಿಯ ಗುಂಡಿ ಒತ್ತುತ್ತಿವೆ. ವಿವರಣೆ ಇಲ್ಲ, ಸಂದರ್ಶನ ಇಲ್ಲ. ಮುಂದೆ ಹೆಸರಾಂತ ನಿರ್ದೇಶಕರಾದ ಕಿಶ್ಲೊವ್‌ಸ್ಕಿಗೆ ಪೋಲೆಂಡಿನ ವುಜ್ ಊರಿನ ಸಿನೆಮಾ ಶಾಲೆಯಲ್ಲಿ ಪಾಠ ಹೇಳಿದವರು ಈ ಕಾರಾಬಾಶ್. ಇಷ್ಟು ಕಡಿಮೆ ಹೊತ್ತಿನಲ್ಲಿ ಜನರ ಮೇಲಿನ ಮರ್ಯಾದೆ ಅಂದರೇನು ಅಂತ ಇಷ್ಟು ಸ್ಪಷ್ಟವಾಗಿ ತೋರಿಸುವ ಇನ್ನೊಂದು ಚಿತ್ರ ನನಗೆ ಗೊತ್ತಿಲ್ಲ.

ಬಣ್ಣ ಬೇಕು, ಹೊಲ ಗದ್ದೆ ಸಮುದ್ರ ಬೇಕು ಅಂದರೆ ವಿತ್ತೋರಿಯೊ ದೆ ಸೆತಾ. 1954ರಿಂದ 1959ರೊಳಗೆ ದಕ್ಷಿಣ ಇಟಲಿ, ಸಿಸಿಲಿ, ಸಾರ್ಡಿನಿಯಾಗಳಲ್ಲಿ ಹತ್ತು ಹನ್ನೊಂದು ನಿಮಿಷದ ಚಿತ್ರಗಳ ಸಾಲನ್ನೇ ಮಾಡಿದರು. ನಿರೂಪಕನನ್ನು ತೆಗೆದುಹಾಕಿ ಅಲ್ಲಿಯ ಜನರ ಕೂಗು, ಹಾಡು, ಗಾಳಿಯ ಸದ್ದನ್ನೇ ಹಿಡಿದು ಕೂರಿಸಿದರು. ಒಂದರಲ್ಲಿ ಮೆಸ್ಸಿನಾ ಜಲಸಂಧಿಯ ಮೀನುಗಾರರು. ಕಂಬದ ತುದಿಗೇರಿದವನು ಕತ್ತಿಮೀನು ಕಂಡ ಕೂಡಲೇ ಕೂಗುತ್ತಾನೆ, ಕೆಳಗಿನವರು ಹುಟ್ಟು ಹಾಕಿ ನುಗ್ಗುತ್ತಾರೆ. ಇನ್ನೊಂದು, 1955ರ ‘ಪರಾಬೊಲಾ ದೋರೊ’, ಸಿಸಿಲಿಯ ಗೋಧಿ ಸುಗ್ಗಿ. ಕೊಯ್ಲು, ಪ್ರಾಣಿಗಳನ್ನು ಸುತ್ತು ಹಾಕಿಸಿ ತುಳಿಸುವುದು, ಗಾಳಿಗೆ ತೂರುವುದು. ಕಣ ಮಾಡಿ ರಾಶಿ ಹಾಕಿದವರ ಮನೆಯಲ್ಲಿ ಹುಟ್ಟಿದವರಿಗೆ ಇದರಲ್ಲಿ ವಿವರಿಸುವಂಥದ್ದು ಏನೂ ಇಲ್ಲ. ಅಜ್ಜ ಅಜ್ಜಿಯ ಜೊತೆ ಕೂತು ನೋಡಲು ಈ ಇಡೀ ಪಟ್ಟಿಯಲ್ಲಿ ಇದಕ್ಕಿಂತ ಒಳ್ಳೆಯದಿಲ್ಲ. ಒಂದು ಎಚ್ಚರಿಕೆ: ದೆ ಸೆತಾ ಎಷ್ಟು ಚೆಂದ ಕಾಣಿಸುತ್ತಾರೆಂದರೆ ಆ ಬದುಕಿನ ಬಡತನ ಒಮ್ಮೊಮ್ಮೆ ಕಣ್ತಪ್ಪಿಹೋಗುತ್ತದೆ.

ನ್ಯೂಯಾರ್ಕಿನ ಛಾಯಾಗ್ರಾಹಕಿ ಹೆಲೆನ್ ಲೆವಿಟ್ ತಮ್ಮ ಗೆಳೆಯರ ಜೊತೆ ಈಸ್ಟ್ ಹಾರ್ಲೆಮ್‌ನಲ್ಲಿ ಚಿತ್ರೀಕರಿಸಿದ ‘ಇನ್ ದ ಸ್ಟ್ರೀಟ್’ ಕೂಡ ಮಾತಿಲ್ಲದ್ದು. ಬರೀ ಪಿಯಾನೊ. ಜನರಿಗೆ ಗೊತ್ತಾಗದ ಹಾಗೆ ಕ್ಯಾಮೆರಾ ಹಿಡಿದಿದ್ದಾರೆ. ಮಕ್ಕಳ ಆಟ ಅದ್ಭುತವಾಗಿ ಸಿಕ್ಕಿದೆ. ಆದರೆ ಕದ್ದು ನೋಡುವುದು ಸರಿಯಾ ಅನ್ನುವ ಪ್ರಶ್ನೆ ಇವತ್ತು, ಎಲ್ಲರ ಕೈಯಲ್ಲೂ ಕ್ಯಾಮೆರಾ ಇರುವಾಗ, ಇನ್ನೂ ಜಾಸ್ತಿ ಚುಚ್ಚುತ್ತದೆ. ಅದಕ್ಕೇ ಇದನ್ನು ಚರ್ಚೆಯಿಲ್ಲದೆ ತೋರಿಸಬೇಡಿ.

ದನಿಯ ವಿಷಯದಲ್ಲಿ ಬೇರೆಯೇ ದಾರಿ ಹಿಡಿದವರು ಬಿಬಿಸಿಯ ಡೆನಿಸ್ ಮಿಚೆಲ್. ರೇಡಿಯೋದಿಂದ ಬಂದವರು, ಟೇಪ್ ರೆಕಾರ್ಡರ್ ಹಿಡಿದು ಜನರ ಮಾತು ಸಂಗ್ರಹಿಸಿದವರು. 1959ರ ‘ಮಾರ್ನಿಂಗ್ ಇನ್ ದ ಸ್ಟ್ರೀಟ್ಸ್’ನಲ್ಲಿ ಲಿವರ್‌ಪೂಲ್, ಮ್ಯಾಂಚೆಸ್ಟರ್ ಕಡೆಯ ಬಡ ಬೀದಿಗಳ ಒಂದು ಬೆಳಗ್ಗೆ. ಚಿತ್ರದ ಮೇಲೆ ಅಲ್ಲಿನವರದೇ ದನಿ, ಕ್ಯಾಮೆರಾ ಇಲ್ಲದಾಗ ಆಡಿದ ಮಾತು. ಯಾರದು ಯಾವ ಮಾತು ಅಂತ ಜೋಡಿಸುವುದಿಲ್ಲ. ಹೀಗಾಗಿ ಒಬ್ಬರ ಬಾಯಿಂದ ಬಂದದ್ದು ಇಡೀ ಬೀದಿಯ ಮಾತಾಗುತ್ತದೆ. ಆಂಡರ್ಸನ್ ಕೇಳದೆ ಬಿಟ್ಟದ್ದನ್ನು ಮಿಚೆಲ್ ಕೇಳಿದ್ದಾರೆ. ಸಿಕ್ಕರೆ ಮಂಡಿಯ ಚಿತ್ರದ ಬೆನ್ನಿಗೇ ನೋಡಿ.

ಮಾತು, ಚಿತ್ರ ಎರಡೂ ಒಟ್ಟಿಗೆ ಬೀದಿಗಿಳಿಯುವ ಹೊತ್ತನ್ನು ಕಾಣಬೇಕಾದರೆ ಕೆನಡಾದ ‘ಲೇ ರಾಕೆತ್ತರ್’. 1958, 15 ನಿಮಿಷ. ಕ್ವಿಬೆಕ್‌ನ ಶೆರ್‌ಬ್ರೂಕ್‌ನಲ್ಲಿ ಹಿಮದಲ್ಲಿ ನಡೆಯುವ ಅಗಲ ಮೆಟ್ಟು ಕಟ್ಟಿಕೊಂಡು ಓಡುವವರ ಜಾತ್ರೆ. ಛಾಯಾಗ್ರಾಹಕ ಮಿಷೆಲ್ ಬ್ರೋ ದೂರ ನಿಲ್ಲದೆ ಜನರ ನಡುವೆಯೇ ನುಗ್ಗಿದ್ದಾರೆ. ಇದನ್ನು ನೋಡಿ ಮೆಚ್ಚಿದ ಫ್ರೆಂಚ್ ನಿರ್ದೇಶಕ ಝಾನ್ ರೂಶ್, ಬ್ರೋ ಅವರನ್ನು ಪ್ಯಾರಿಸ್ಸಿಗೆ ಕರೆಸಿಕೊಂಡರು. 1960ರ ಬೇಸಿಗೆಯಲ್ಲಿ ಅಲ್ಲಿ ಚಿತ್ರೀಕರಣವಾದ ‘ಕ್ರಾನಿಕಲ್ ಆಫ್ ಎ ಸಮ್ಮರ್’ನಲ್ಲಿ ದಾರಿಹೋಕರನ್ನು ನಿಲ್ಲಿಸಿ ‘ನೀವು ಸುಖವಾಗಿದ್ದೀರಾ?’ ಅಂತ ಕೇಳುತ್ತಾರೆ. ಅಲ್ಲಿಗೆ ನಿರೂಪಕನ ಕಾಲ ಮುಗಿದ ಹಾಗೆ.

ಹಾಕುವುದು ಹೇಗೆ, ಸಿಗುವುದು ಎಲ್ಲಿ

ಬ್ರಿಟಿಷ್ ಚಿತ್ರಗಳಲ್ಲಿ ಮಿಚೆಲ್ ಅವರದ್ದನ್ನು ಬಿಟ್ಟು ಮಿಕ್ಕವನ್ನೆಲ್ಲ ಬ್ರಿಟಿಷ್ ಫಿಲ್ಮ್ ಇನ್‌ಸ್ಟಿಟ್ಯೂಟ್ 2006ರಲ್ಲಿ ‘ಫ್ರೀ ಸಿನೆಮಾ’ ಡಿವಿಡಿ ಕಟ್ಟಾಗಿ ಹೊರತಂದಿತು. ‘ಲೇ ರಾಕೆತ್ತರ್’ ಕೆನಡಾದ ರಾಷ್ಟ್ರೀಯ ಫಿಲ್ಮ್ ಮಂಡಳಿಯ ಜಾಲತಾಣದಲ್ಲಿದೆ.

ಒಂದು ಗಂಟೆಯ ಪ್ರದರ್ಶನಕ್ಕೆ ನನ್ನ ಜೋಡಣೆ: ಮೊದಲು ‘ಮುಜಿಕಾಂತ್ಸಿ’, ಆಮೇಲೆ ‘ಎವೆರಿ ಡೇ ಎಕ್ಸೆಪ್ಟ್ ಕ್ರಿಸ್‌ಮಸ್’. ಕಿವಿ ಮೊದಲು ಮಾತಿಲ್ಲದ್ದಕ್ಕೆ ಹೊಂದಿಕೊಂಡಿರುತ್ತದೆ, ಆಮೇಲೆ ನಿರೂಪಣೆ ಬಂದಾಗ ಅದು ಏನು ಮಾಡುತ್ತಿದೆ ಅಂತ ತಕ್ಷಣ ತಿಳಿಯುತ್ತದೆ. ಎರಡನೇ ದಿನ ಇದ್ದರೆ ‘ಮಮ್ಮಾ ಡೋಂಟ್ ಅಲೌ’ ಮತ್ತು ಲ್ಯಾಂಬೆತ್. ಒಬ್ಬರೇ ನಿರ್ದೇಶಕರ ಕೈ ಇರುವ ಎರಡು ಚಿತ್ರ, ಒಂದರಲ್ಲಿ ನಿರೂಪಕ ಇಲ್ಲ, ಇನ್ನೊಂದರಲ್ಲಿ ಇದ್ದಾನೆ. ‘ಓ ಡ್ರೀಮ್‌ಲ್ಯಾಂಡ್’ ಮೂರನೇ ದಿನಕ್ಕಿರಲಿ.

ಸ್ವಂತ ಚಿತ್ರ ಮಾಡುವವರಿಗೆ ಇನ್ನೊಂದು ಮಾತು. ಮಂಡಿಯ ಚಿತ್ರವನ್ನು ಒಮ್ಮೆ ದನಿ ಪೂರ್ತಿ ಮುಚ್ಚಿ ನೋಡಿ. ಇನ್ನೊಮ್ಮೆ ತೆರೆಗೆ ಬೆನ್ನು ಹಾಕಿ ಬರೀ ಕೇಳಿ. ಯಾವ ಸದ್ದು ಎಲ್ಲಿಂದ ಶುರುವಾಗಿ ಮುಂದಿನ ದೃಶ್ಯಕ್ಕೆ ಹೇಗೆ ಜಾರುತ್ತದೆ ಅಂತ ಬರೆದಿಟ್ಟುಕೊಳ್ಳಿ. ನಿಮ್ಮ ಸಂತೆಗೆ ಹೋದಾಗ ಚಿತ್ರೀಕರಣ ಮುಗಿಸಿದ ಮೇಲೆ ಹೊರಟುಬಿಡಬೇಡಿ. ಮೊಬೈಲನ್ನು ಜೇಬಿಗೆ ಹಾಕಬೇಡಿ, ತಕ್ಕಡಿಯ ಪಕ್ಕ ಇಟ್ಟು ಅರ್ಧ ಗಂಟೆ ಬರೀ ಶಬ್ದ ಹಿಡಿಯಿರಿ. ಅದಕ್ಕೂ ಮೊದಲು ಅಂಗಡಿಯಾಕೆಯನ್ನು ಒಂದು ಮಾತು ಕೇಳಿ.